ಕೇಡಿನ ಬೇರನ್ನು ಅರಸಿದ ಗ್ರಂಥಗಳು

ಕಳೆದ ಮಳೆಗಾಲದ ಒಂದು ಮಧ್ಯಾಹ್ನ ನಮ್ಮ ಶಾಲೆಯ ಗ್ರಂಥಭಂಡಾರಕ್ಕೆ ಒಂಬತ್ತನೆಯ ಇಯತ್ತೆಯ ವಿದ್ಯಾರ್ಥಿನಿಯೊಬ್ಬಳು ಪುಸ್ತಕವೊಂದನ್ನು ಹಿಂದಿರುಗಿಸಲು ಬಂದಳು. ಅದು ಜನ್ನನ ‘ಯಶೋಧರ ಚರಿತೆ’ಯ ಗದ್ಯರೂಪ. ಪುಸ್ತಕವನ್ನು ಮೇಜಿನ ಮೇಲಿಟ್ಟು, ಸ್ವಲ್ಪ ಹೊತ್ತು ಸುಮ್ಮನೆ ನಿಂತು, “ಗುರುಗಳೇ, ಇದರಲ್ಲಿ ಮೋಸ, ವಿಷ, ಕೊಲೆ ಇವೇ ತುಂಬಿವೆ. ಒಳ್ಳೆಯವರಾಗಿರಿ ಎಂದು ನಮಗೆ ದಿನವೂ ಹೇಳುತ್ತೀರಿ. ಹಾಗಿದ್ದರೆ ಕೆಟ್ಟವರ ಕಥೆಗಳನ್ನು ಓದಲು ಏಕೆ ಕೊಡುತ್ತೀರಿ?” ಎಂದು ಕೇಳಿದಳು. ಅಷ್ಟರಲ್ಲಿ ತರಗತಿಯ ಗಂಟೆಯಾಯಿತು. ಅವಳು ಹೊರಟುಹೋದಳು; ಪ್ರಶ್ನೆ ಮಾತ್ರ ನನ್ನಲ್ಲಿಯೇ ಉಳಿಯಿತು. ಅದು ಹಗುರವಾದ ಪ್ರಶ್ನೆಯಲ್ಲ. ಮಕ್ಕಳ ಕೈಗೆ ಪುಸ್ತಕ ಕೊಡುವ ಪ್ರತಿಯೊಬ್ಬ ತಂದೆ ತಾಯಿಯೂ ಉಪಾಧ್ಯಾಯನೂ ಇದಕ್ಕೆ ಉತ್ತರ ಹೇಳಲೇಬೇಕು. ಅಂದು ಹೇಳಲಾಗದ ಉತ್ತರವನ್ನು ಈ ವಾರ್ಷಿಕ ಸಂಚಿಕೆಯ ಪುಟಗಳಲ್ಲಿ ಹೇಳಲು ಯತ್ನಿಸುತ್ತೇನೆ.

ನಮ್ಮ ಹಿರಿಯರು ಮನುಷ್ಯನ ಶತ್ರುಗಳು ಆರು ಮಂದಿ ಎಂದರು: ಕಾಮ, ಕ್ರೋಧ, ಲೋಭ, ಮೋಹ, ಮದ, ಮತ್ಸರ. ಇವರಲ್ಲಿ ಒಬ್ಬನಾದರೂ ಹೊರಗಿನಿಂದ ದಂಡೆತ್ತಿ ಬರುವವನಲ್ಲ ಎಂಬುದನ್ನು ಗಮನಿಸಬೇಕು. ಆರು ಮಂದಿಯ ಬಿಡಾರವೂ ಒಳಗೇ. ಹೊರಗಿನ ಶತ್ರುವನ್ನು ಕಾಣಲು ಕಣ್ಣು ಸಾಕು. ಒಳಗಿನವನನ್ನು ಕಾಣಲು ಕನ್ನಡಿ ಬೇಕು. ಮಹಾಕವಿಗಳು ಕೇಡನ್ನು ವರ್ಣಿಸಿದ್ದು ಆ ಕನ್ನಡಿಯನ್ನು ನಮ್ಮ ಮುಂದೆ ಹಿಡಿಯುವುದಕ್ಕಾಗಿ.

ಚಿಕ್ಕ ಮಕ್ಕಳ ಕಥೆಗಳಲ್ಲಿ ದುಷ್ಟನನ್ನು ಗುರುತಿಸುವುದು ಸುಲಭ. ಅವನಿಗೆ ಕೋರೆದಾಡೆಗಳಿರುತ್ತವೆ, ಕಣ್ಣು ಕೆಂಪಾಗಿರುತ್ತದೆ, ಮಾತು ಗುಡುಗುತ್ತದೆ. ಕನ್ನಡದ ದೊಡ್ಡ ಕವಿಗಳು ಈ ಸುಲಭದ ದಾರಿಯನ್ನು ಹಿಡಿಯಲಿಲ್ಲ. ಮುಧೋಳದ ನಾಡಿನಲ್ಲಿ ಬಳೆಗಾರರ ಮನೆತನದಲ್ಲಿ ಹುಟ್ಟಿ ಚಾಲುಕ್ಯರ ಆಸ್ಥಾನವನ್ನು ಸೇರಿದ ರನ್ನನನ್ನೇ ನೋಡಿರಿ. ಸುಮಾರು ಸಾವಿರ ವರ್ಷಗಳ ಹಿಂದೆ ಅವನು ರಚಿಸಿದ ‘ಸಾಹಸಭೀಮವಿಜಯ’ವು ‘ಗದಾಯುದ್ಧ’ವೆಂದೇ ಪ್ರಸಿದ್ಧವಾಗಿದೆ. ಆ ಕಾವ್ಯಕ್ಕೆ ಭೀಮನೇ ನಾಯಕ. ರನ್ನನು ತನ್ನ ಆಶ್ರಯದಾತನಾದ ಸತ್ಯಾಶ್ರಯನನ್ನು ಭೀಮನೊಡನೆ ಸಮೀಕರಿಸಿದ್ದಾನೆ. ಆದರೂ ಓದುಗನ ಮನಸ್ಸಿನಲ್ಲಿ ಅಚ್ಚೊತ್ತಿ ನಿಲ್ಲುವವನು ದುರ್ಯೋಧನ. ಸಂಜಯನನ್ನು ಜೊತೆಗೆ ಕರೆದುಕೊಂಡು ಅವನು ರಣರಂಗದಲ್ಲಿ ನಡೆಯುತ್ತಾನೆ. ದ್ರೋಣನ ಶವ, ತಮ್ಮ ದುಶ್ಶಾಸನನ ಶವ, ಗೆಳೆಯ ಕರ್ಣನ ಶವ ಒಂದೊಂದಾಗಿ ಎದುರಾಗುತ್ತವೆ. ಶತ್ರುಪಕ್ಷದ ಬಾಲವೀರ ಅಭಿಮನ್ಯುವಿನ ಶವದ ಮುಂದೆಯೂ ಅವನು ನಿಂತು ಕೈ ಮುಗಿದು, ತನಗೂ ಅಂತಹುದೇ ವೀರಮರಣವಾಗಲಿ ಎಂದು ಹಾರೈಸುತ್ತಾನೆ.

ದ್ರೌಪದಿಯನ್ನು ತುಂಬಿದ ಸಭೆಯಲ್ಲಿ ಅವಮಾನಗೊಳಿಸಿದವನು ಇವನೇ. ಇವನ ಛಲದಿಂದಲೇ ಆ ರಣರಂಗ ಹೆಣಗಳಿಂದ ತುಂಬಿತು. ರನ್ನನು ಇದನ್ನು ಮರೆಯಲಿಲ್ಲ, ನಮಗೆ ಮರೆಯಲು ಬಿಡುವುದೂ ಇಲ್ಲ. ಆದರೆ ಕೇಡು ಮಾಡಿದವನಿಗೂ ಸ್ನೇಹವಿತ್ತು, ಶೋಕವಿತ್ತು, ಗುಣವನ್ನು ಮೆಚ್ಚುವ ಹೃದಯವಿತ್ತು ಎಂದು ತೋರಿಸುತ್ತಾನೆ. ಇದರಿಂದ ದುರ್ಯೋಧನನ ಅಪರಾಧ ಕಿರಿದಾಗುವುದಿಲ್ಲ. ಬದಲಾಗಿ ನಮ್ಮ ಭಯ ಹಿರಿದಾಗುತ್ತದೆ. ಅವನು ರಾಕ್ಷಸನಾಗಿದ್ದರೆ ಅವನಿಗೂ ನಮಗೂ ಸಂಬಂಧವಿಲ್ಲವೆಂದು ನೆಮ್ಮದಿಯಾಗಿರಬಹುದಾಗಿತ್ತು. ನಮ್ಮಂತಹ ಮನುಷ್ಯನೇ ಆಗಿದ್ದಾನಾದ್ದರಿಂದ ಆ ನೆಮ್ಮದಿಗೆ ಅವಕಾಶವಿಲ್ಲ.

ಅಭಿನವಪಂಪನೆಂದು ಹೆಸರಾದ ನಾಗಚಂದ್ರನು ‘ರಾಮಚಂದ್ರಚರಿತಪುರಾಣ’ದಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋದನು. ಜೈನಸಂಪ್ರದಾಯದ ಆ ರಾಮಾಯಣದಲ್ಲಿ ರಾವಣನು ವ್ರತಸ್ಥ. ಒಲ್ಲದ ಹೆಣ್ಣನ್ನು ಮುಟ್ಟೆನೆಂದು ಪ್ರತಿಜ್ಞೆ ಮಾಡಿದವನು. ಅಂತಹವನ ಚಿತ್ತವೂ ಒಂದು ಗಳಿಗೆ ಕದಡಿತು. ಸೀತೆಯನ್ನು ಕದ್ದು ತಂದನು. ಕಡೆಗೆ ಅವಳ ದುಃಖವನ್ನೂ ದೃಢತೆಯನ್ನೂ ಕಂಡು ಅವನಿಗೆ ನಿಜವಾಗಿಯೇ ಪಶ್ಚಾತ್ತಾಪವಾಗುತ್ತದೆ. ಅವಳನ್ನು ಹಿಂದಿರುಗಿಸಬೇಕೆಂದು ನಿಶ್ಚಯಿಸುತ್ತಾನೆ. ಆದರೆ ಈಗಲೇ ಒಪ್ಪಿಸಿದರೆ ಜನರು ತನ್ನನ್ನು ಹೇಡಿ ಎಂದಾರು. ಮೊದಲು ಯುದ್ಧದಲ್ಲಿ ಗೆದ್ದು, ಅನಂತರ ಒಪ್ಪಿಸುವೆನು ಎಂದು ಬಗೆಯುತ್ತಾನೆ. ಆ ‘ಅನಂತರ’ ಬರುವುದೇ ಇಲ್ಲ. ತಪ್ಪು ಮಾಡುವುದು ಒಂದು ಕೇಡು. ತಪ್ಪೆಂದು ತಿಳಿದ ಮೇಲೂ, ನಾಲ್ಕು ಜನರ ಮುಂದೆ ತಲೆ ತಗ್ಗಿಸಲಾರದೆ ಅದರಲ್ಲಿಯೇ ಮುಂದುವರಿಯುವುದು ಅದಕ್ಕಿಂತ ಹೆಚ್ಚಿನ ಕೇಡು. ಲಂಕೆಯನ್ನು ಕೆಡಿಸಿದ್ದು ಕಾಮವೊಂದೇ ಅಲ್ಲ, ಕ್ಷಮೆ ಬೇಡಲಾರದ ಅಭಿಮಾನವೂ ಕೂಡ ಎಂದು ನಾಗಚಂದ್ರನಿಂದ ತಿಳಿಯುತ್ತೇವೆ.

ಇನ್ನು ನಮ್ಮ ವಿದ್ಯಾರ್ಥಿನಿಯನ್ನು ಕಳವಳಗೊಳಿಸಿದ ಕಾವ್ಯಕ್ಕೆ ಬರೋಣ. ಹೊಯ್ಸಳ ವೀರಬಲ್ಲಾಳನ ಆಸ್ಥಾನದಲ್ಲಿದ್ದ ಜನ್ನನು ‘ಯಶೋಧರ ಚರಿತೆ’ಯನ್ನು ಮುಗಿಸಿದ್ದು 1209ರಲ್ಲಿ. ನಾಲ್ಕು ಅವತಾರಗಳ, ಮುನ್ನೂರಕ್ಕೂ ಮಿಕ್ಕ ಪದ್ಯಗಳ ಈ ಚಿಕ್ಕ ಕಾವ್ಯದಲ್ಲಿ ಕೇಡಿನ ಕುರಿತು ನಮ್ಮ ಭಾಷೆಯ ಅತ್ಯಂತ ಸೂಕ್ಷ್ಮವಾದ ವಿಚಾರವಿದೆಯೆಂದು ನನ್ನ ಭಾವನೆ. ಉಜ್ಜಯಿನಿಯ ಅರಸನಾದ ಯಶೋಧರನ ರಾಣಿ ಅಮೃತಮತಿ, ಇರುಳಿನಲ್ಲಿ ಕೇಳಿಬಂದ ಮಾವುತನೊಬ್ಬನ ಹಾಡಿಗೆ ಮನಸೋಲುತ್ತಾಳೆ. ಆ ಮಾವುತನು ಕುರೂಪಿ, ಕ್ರೂರಿ. ಆದರೂ ಅವಳು ಅವನನ್ನು ಬಿಡಲಾರಳು. ಅರಸನು ಮರೆಯಲ್ಲಿ ನಿಂತು ಇದನ್ನು ಕಣ್ಣಾರೆ ಕಾಣುತ್ತಾನೆ. ಖಡ್ಗವನ್ನು ಹಿರಿದವನು, ವಿವೇಕದಿಂದ ತನ್ನನ್ನು ತಾನೇ ತಡೆದುಕೊಳ್ಳುತ್ತಾನೆ. ಇಲ್ಲಿಯವರೆಗೆ ಅವನು ಗೆದ್ದವನು.

ಮರುದಿನ ತಾಯಿ ಚಂದ್ರಮತಿ ಮಗನ ಮುಖ ಬಾಡಿರುವುದನ್ನು ಕಂಡು ಕಾರಣ ಕೇಳುತ್ತಾಳೆ. ನಿಜವನ್ನು ನುಡಿಯಲಾರದೆ ಅವನು ಕೆಟ್ಟ ಕನಸು ಕಂಡೆನೆನ್ನುತ್ತಾನೆ. ಇದು ಮೊದಲ ಹೆಜ್ಜೆ. ಹಾಗಾದರೆ ದೇವಿಗೆ ಪ್ರಾಣಿಬಲಿ ಕೊಡು ಎನ್ನುತ್ತಾಳೆ ತಾಯಿ. ಅಹಿಂಸೆಯನ್ನು ನಂಬಿದ ಅರಸನು ಒಪ್ಪುವುದಿಲ್ಲ. ಅವಳೂ ಬಿಡುವುದಿಲ್ಲ, ಜೀವವಿರುವ ಪ್ರಾಣಿ ಬೇಡವಾದರೆ ಹಿಟ್ಟಿನ ಕೋಳಿಯನ್ನಾದರೂ ಕಡಿ ಎನ್ನುತ್ತಾಳೆ. ತಾಯಿಯ ಮಾತು, ಮೇಲಾಗಿ ಹಿಟ್ಟಿಗೆ ಜೀವವಿಲ್ಲ. ಇದರಿಂದ ಯಾರಿಗೆ ಏನು ಕೆಟ್ಟೀತು? ಅರಸನು ಒಪ್ಪುತ್ತಾನೆ. ಕತ್ತಿ ಬಿದ್ದಾಗ ಆ ಹಿಟ್ಟಿನ ಕೋಳಿ ಕೂಗುತ್ತದೆ! ಮುಂದೆ ತಾಯಿ ಮಗ ಇಬ್ಬರೂ ಅಮೃತಮತಿ ಇಕ್ಕಿದ ವಿಷಕ್ಕೆ ಬಲಿಯಾಗಿ, ನವಿಲು ನಾಯಿ ಮೊದಲಾದ ಜನ್ಮಗಳಲ್ಲಿ ತೊಳಲುತ್ತಾರೆ. ಕಡೆಗೆ ಅಭಯರುಚಿ, ಅಭಯಮತಿ ಎಂಬ ಅಣ್ಣತಂಗಿಯರಾಗಿ ಹುಟ್ಟಿ, ನರಬಲಿಗೆ ಸಿದ್ಧನಾಗಿ ನಿಂತ ಮಾರಿದತ್ತನೆಂಬ ಅರಸನ ಮುಂದೆ ತಮ್ಮ ಕಥೆಯನ್ನು ಹೇಳಿ ಅವನ ಕೈಯ ಕತ್ತಿಯನ್ನು ಕೆಳಗಿಳಿಸುತ್ತಾರೆ.

ಜನ್ನನು ಎತ್ತಿದ ಪ್ರಶ್ನೆ ಯಾವುದು? ಕೊಂದದ್ದು ಹಿಟ್ಟನ್ನು, ಆದರೆ ಕೊಲ್ಲುವೆನೆಂಬ ಸಂಕಲ್ಪ ನಿಜವಾದದ್ದು. ಕೇಡಿನ ಬೇರು ಕೈಯಲ್ಲಿಲ್ಲ, ಸಂಕಲ್ಪದಲ್ಲಿದೆ. ಅದಕ್ಕಿಂತ ಮುಖ್ಯವಾದುದು ಇನ್ನೊಂದು. ಎತ್ತಿದ ಖಡ್ಗವನ್ನು ತಡೆದುಕೊಂಡ ವಿವೇಕಿ, ಇಷ್ಟು ಸಣ್ಣ ರಾಜಿಯಲ್ಲಿ ಜಾರಿಬಿದ್ದನು. ದೊಡ್ಡ ಕೇಡು ಎದುರಿಗೆ ಬಂದಾಗ ಸಜ್ಜನರು ಎಚ್ಚರವಾಗಿರುತ್ತಾರೆ; ಚಿಕ್ಕ ಕೇಡು ಮನೆಯವರ ಮಾತಿನ ರೂಪದಲ್ಲಿ ಬಂದಾಗ ಎಚ್ಚರ ತಪ್ಪುತ್ತಾರೆ. ಏಳುನೂರ ಎಪ್ಪತ್ತು ವರ್ಷಗಳು ಕಳೆದ ಮೇಲೂ ಈ ಪ್ರಶ್ನೆ ಹಳತಾಗದ ಕಾರಣದಿಂದಲೇ ಗಿರೀಶ ಕಾರ್ನಾಡರು ಇದೇ ಕಥೆಯನ್ನು ಆಧರಿಸಿ ‘ಹಿಟ್ಟಿನ ಹುಂಜ’ ಎಂಬ ನಾಟಕವನ್ನು ಬರೆದರು.

ಕಾವ್ಯದಲ್ಲಿ ಓದಿದ ಈ ಮಾತಿಗೆ ಸಾಕ್ಷಿ ಬೇಕಾದರೆ ನಾವು ಪುಣೆಯ ನಿವಾಸಿಗಳು ದೂರ ಹೋಗಬೇಕಾಗಿಲ್ಲ. ಶನಿವಾರವಾಡೆಯನ್ನು ನೀವೆಲ್ಲರೂ ನೋಡಿದ್ದೀರಿ. ಅದರ ಬಾಗಿಲುಗಳಲ್ಲಿ ಒಂದಕ್ಕೆ ನಾರಾಯಣ ದರವಾಜೆಯೆಂಬ ಹೆಸರಿದೆ. 1773ರ ಆಗಸ್ಟ್ 30ರಂದು, ಗಣೇಶೋತ್ಸವದ ದಿನಗಳಲ್ಲಿ, ಹದಿನೆಂಟು ವರ್ಷದ ಪೇಶವೆ ನಾರಾಯಣರಾಯನನ್ನು ಗಾರ್ದಿ ಸಿಪಾಯಿಗಳು ಆ ವಾಡೆಯೊಳಗೇ ಕೊಂದರು. ಪಿತೂರಿಯ ಹಿಂದೆ ಇದ್ದವನು ಅವನ ಸ್ವಂತ ಚಿಕ್ಕಪ್ಪ ರಘುನಾಥರಾಯ. ನಾರಾಯಣರಾಯನನ್ನು ಹಿಡಿಯಬೇಕು ಎಂಬ ಅರ್ಥದಲ್ಲಿ ‘ಧರಾವೆ’ ಎಂದು ಬರೆದಿದ್ದ ಆಜ್ಞೆಯಲ್ಲಿ ಒಂದಕ್ಷರವನ್ನು ತಿದ್ದಿ, ಕೊಲ್ಲಬೇಕು ಎಂಬರ್ಥದ ‘ಮಾರಾವೆ’ ಎಂದು ಮಾಡಲಾಯಿತೆಂದೂ, ಹಾಗೆ ತಿದ್ದಿದವಳು ರಘುನಾಥರಾಯನ ಪತ್ನಿ ಆನಂದೀಬಾಯಿಯೆಂದೂ ಜನಶ್ರುತಿ. ‘ಧ’ಕಾರವನ್ನು ‘ಮ’ಕಾರ ಮಾಡುವುದು ಎಂಬ ನುಡಿಗಟ್ಟೇ ಮರಾಠಿಯಲ್ಲಿ ಇದರಿಂದ ಹುಟ್ಟಿದೆ. ಆ ತಿದ್ದುವಿಕೆ ಇತಿಹಾಸವೋ ದಂತಕಥೆಯೋ, ಜನರು ಅದನ್ನು ಇಷ್ಟು ಕಾಲ ನೆನಪಿನಲ್ಲಿ ಇಟ್ಟುಕೊಂಡದ್ದಕ್ಕೆ ಕಾರಣವಿದೆ. ಒಂದು ಅಕ್ಷರದಷ್ಟು ಚಿಕ್ಕದು ಒಂದು ಪ್ರಾಣದಷ್ಟು ದೊಡ್ಡದಾಗಬಲ್ಲದೆಂದು ಅವರು ಅರಿತಿದ್ದರು. ಅಕ್ಷರ ತಿದ್ದಿದವರ ವಿಷಯ ಬಿಟ್ಟರೂ, ಹಿಡಿದರೆ ಸಾಕು, ಕೊಲ್ಲುವುದು ಬೇಡ ಎಂದುಕೊಂಡವನು ಮೊದಲ ಹೆಜ್ಜೆಯನ್ನು ಇಟ್ಟಾಗಿತ್ತು. ಅದು ಅವನ ಹಿಟ್ಟಿನ ಕೋಳಿ.

ಅದೇ ಪುಣೆಯಲ್ಲಿ, ಅದೇ ಪ್ರಸಂಗದಲ್ಲಿ, ರಾಮಶಾಸ್ತ್ರಿ ಪ್ರಭುಣೆಯೂ ಇದ್ದನೆಂಬುದನ್ನು ಮರೆಯಬಾರದು. ನ್ಯಾಯಾಧೀಶನಾಗಿದ್ದ ಅವನು ಅಧಿಕಾರದಲ್ಲಿ ಕುಳಿತ ರಘುನಾಥರಾಯನನ್ನೇ ದೋಷಿಯೆಂದು ಸಾರಿ, ತನ್ನ ಪದವಿಯನ್ನು ತ್ಯಜಿಸಿ ನಗರವನ್ನು ಬಿಟ್ಟುಹೋದನು. ಕತ್ತಲೆಯ ಕಥೆಯನ್ನು ಪೂರ್ತಿಯಾಗಿ ಓದಿದವನಿಗೆ ಮಾತ್ರ ಆ ದೀಪದ ಬೆಲೆ ತಿಳಿಯುತ್ತದೆ.

ನಮ್ಮ ನಗರದ ಇನ್ನೊಂದು ಸ್ಥಳವೂ ಈ ವಿಷಯಕ್ಕೆ ಸಂಬಂಧಿಸಿದೆ. ಲಾ ಕಾಲೇಜು ರಸ್ತೆಯಲ್ಲಿರುವ, 1917ರಲ್ಲಿ ಸ್ಥಾಪಿತವಾದ ಭಾಂಡಾರಕರ ಪ್ರಾಚ್ಯವಿದ್ಯಾ ಸಂಶೋಧನ ಮಂದಿರದಲ್ಲಿ ಮಹಾಭಾರತದ ಪರಿಷ್ಕೃತ ಆವೃತ್ತಿಯ ಕಾರ್ಯವು 1919ರಲ್ಲಿ ಮೊದಲಾಗಿ 1966ರಲ್ಲಿ ಮುಗಿಯಿತು. ವಿಷ್ಣು ಸೀತಾರಾಮ ಸುಖಠಣಕರರಂತಹ ವಿದ್ವಾಂಸರು ನಾನಾ ಲಿಪಿಗಳ ಹಸ್ತಪ್ರತಿಗಳನ್ನು ಸಾಲುಸಾಲಾಗಿ ಹೋಲಿಸಿ ನೋಡಿ ಅದಕ್ಕಾಗಿ ಆಯುಸ್ಸನ್ನು ಸವೆಸಿದರು. ಹೀಗೆ ಕಾಪಾಡಿಕೊಂಡ ಗ್ರಂಥದಲ್ಲಿ ಧರ್ಮೋಪದೇಶ ಮಾತ್ರವೇ ಇದೆಯೇ? ಇಲ್ಲ. ಅದರ ಹತ್ತನೆಯದಾದ ಸೌಪ್ತಿಕಪರ್ವವನ್ನು ತೆರೆದು ನೋಡಿರಿ. ಯುದ್ಧ ಮುಗಿದ ರಾತ್ರಿ ಅಶ್ವತ್ಥಾಮನು ಆಲದ ಮರದ ಕೆಳಗೆ ನಿದ್ದೆಯಿಲ್ಲದೆ ಕುಳಿತಿದ್ದಾನೆ. ಮರದ ಮೇಲೆ ಮಲಗಿದ್ದ ಕಾಗೆಗಳನ್ನು ಗೂಗೆಯೊಂದು ಸದ್ದಿಲ್ಲದೆ ಬಂದು ಕೊಲ್ಲುವುದನ್ನು ನೋಡುತ್ತಾನೆ. ಅದೇ ಅವನಿಗೆ ಪಾಠವಾಗುತ್ತದೆ. ಸೋದರಮಾವನಾದ ಕೃಪಾಚಾರ್ಯನು, ಈಗ ಮಲಗು, ಬೆಳಗ್ಗೆ ವಿಚಾರ ಮಾಡೋಣ ಎಂದು ಬುದ್ಧಿ ಹೇಳುತ್ತಾನೆ. ಅಶ್ವತ್ಥಾಮನ ಬಳಿ ಎಲ್ಲದಕ್ಕೂ ಉತ್ತರ ಸಿದ್ಧವಾಗಿದೆ: ಅವರು ಮೊದಲು ಅಧರ್ಮ ಮಾಡಿದರು, ನನ್ನ ತಂದೆಯನ್ನು ಮೋಸದಿಂದ ಕೊಂದರು, ಆದುದರಿಂದ ನಾನು ಮಾಡುವುದು ತಪ್ಪಲ್ಲ. ಅವನ ದುಃಖ ಸುಳ್ಳಲ್ಲ. ತಂದೆಗೆ ಆದ ಅನ್ಯಾಯವೂ ಸುಳ್ಳಲ್ಲ. ಆದರೆ ಆ ನಿಜವಾದ ದುಃಖದಿಂದಲೇ ನಿದ್ರಿಸುತ್ತಿದ್ದ ದ್ರೌಪದಿಯ ಐವರು ಮಕ್ಕಳ ಕೊಲೆ ಹುಟ್ಟಿತು. ಕೇಡು ಬರಿಗೈಯಲ್ಲಿ ಬರುವುದಿಲ್ಲ, ಕಾರಣಗಳನ್ನು ಹೊತ್ತುಕೊಂಡು ಬರುತ್ತದೆ. ರಷ್ಯದ ದೊಸ್ತೊಯೆವ್‌ಸ್ಕಿ 1866ರಲ್ಲಿ ಪ್ರಕಟಿಸಿದ ‘ಅಪರಾಧ ಮತ್ತು ಶಿಕ್ಷೆ’ ಎಂಬ ಕಾದಂಬರಿಯಲ್ಲಿಯೂ ಬಡ ವಿದ್ಯಾರ್ಥಿಯೊಬ್ಬನು ಮುದುಕಿಯನ್ನು ಕೊಲ್ಲುವ ಮೊದಲು ತರ್ಕದಿಂದ ತನ್ನ ಮನಸ್ಸನ್ನು ಒಪ್ಪಿಸುತ್ತಾನೆ. ದೇಶ ಬೇರೆ, ಕಾಲ ಬೇರೆ. ಮನಸ್ಸಿನ ಕುತಂತ್ರ ಒಂದೇ.

ಈ ಮಂದಿರವೇ 2004ರ ಜನವರಿ 5ರಂದು ಗುಂಪಿನ ಕೋಪಕ್ಕೆ ಗುರಿಯಾಯಿತು. ಗ್ರಂಥವೊಂದರ ಮೇಲಿನ ಸಿಟ್ಟಿನಿಂದ ಒಳನುಗ್ಗಿದ ಜನರು ಪುಸ್ತಕಗಳನ್ನೂ ಹಸ್ತಪ್ರತಿಗಳನ್ನೂ ಹಾಳುಗೆಡವಿದರು. ಅವರೂ ತಮ್ಮ ಬಳಿ ಕಾರಣವಿದೆಯೆಂದೇ ನಂಬಿದ್ದರು. ಒಬ್ಬನೇ ಇದ್ದಾಗ ನಾಚುವ ಕೆಲಸವನ್ನು ಗುಂಪಿನಲ್ಲಿ ಮನುಷ್ಯ ನಾಚದೆ ಮಾಡುತ್ತಾನೆ. ಇಂಗ್ಲೆಂಡಿನ ವಿಲಿಯಂ ಗೋಲ್ಡಿಂಗ್ 1954ರಲ್ಲಿ ಬರೆದ ‘ಲಾರ್ಡ್ ಆಫ್ ದ ಫ್ಲೈಸ್’ ಎಂಬ ಕಾದಂಬರಿಯಲ್ಲಿ ನಿರ್ಜನ ದ್ವೀಪಕ್ಕೆ ಸೇರಿದ ಶಾಲಾಬಾಲಕರು ಆಟದಿಂದ ಆರಂಭಿಸಿ ಬೇಟೆಗೂ, ಬೇಟೆಯಿಂದ ಗೆಳೆಯರ ಹತ್ಯೆಗೂ ಜಾರುತ್ತಾರೆ. ಅವರ ವಯಸ್ಸು ನಿಮ್ಮದೇ ಅಥವಾ ನಿಮಗಿಂತ ಕಿರಿದು.

ಮತ್ತೊಂದು ಬಗೆಯ ಕೇಡೂ ಉಂಟು. ಅದರಲ್ಲಿ ದುಷ್ಟನನ್ನು ಹುಡುಕಿದರೂ ಸಿಕ್ಕುವುದಿಲ್ಲ. ಶಿವರಾಮ ಕಾರಂತರ ‘ಚೋಮನ ದುಡಿ’ 1933ರಷ್ಟು ಹಿಂದೆಯೇ ಇದನ್ನು ತೋರಿಸಿಕೊಟ್ಟಿತು. ಅಸ್ಪೃಶ್ಯನೆನಿಸಿಕೊಂಡ ಚೋಮನಿಗೆ ಸ್ವಂತವಾಗಿ ಬೇಸಾಯ ಮಾಡಬೇಕೆಂಬ ಒಂದೇ ಆಸೆ. ಒಡೆಯ ಸಂಕಪ್ಪಯ್ಯ ಕ್ರೂರಿಯಲ್ಲ. ಭೂಮಿ ಕೊಡಲು ಅವನ ಮನಸ್ಸು ಒಮ್ಮೆ ಒಲಿಯುತ್ತದೆ ಕೂಡ. ತಾಯಿ ಬೇಡವೆನ್ನುತ್ತಾಳೆ, ಅವನು ಸುಮ್ಮನಾಗುತ್ತಾನೆ. ಇಲ್ಲಿಯೂ ಒಬ್ಬ ಸಜ್ಜನ, ಒಬ್ಬ ತಾಯಿ, ಒಂದು ಸಣ್ಣ ರಾಜಿ. ಯಶೋಧರನ ನೆನಪಾಗದೆ ಇರದು. ಯಾರೂ ಕತ್ತಿ ಎತ್ತಲಿಲ್ಲ, ಆದರೂ ಒಂದು ಕುಟುಂಬ ನಾಶವಾಯಿತು. ಕೇಡು ಕೆಲವು ಸಲ ಮಾಡಿದ ಕೆಲಸವಾಗಿರುವುದಿಲ್ಲ. ಮಾಡದೆ ಬಿಟ್ಟ ಕೆಲಸವಾಗಿರುತ್ತದೆ.

ಇಲ್ಲಿ ನನ್ನದೊಂದು ಮಾತನ್ನು ಹೇಳಬೇಕು. ನಾನು ಏಳನೆಯ ಇಯತ್ತೆಯಲ್ಲಿದ್ದಾಗ, ಬೇರೊಂದು ಊರಿನಲ್ಲಿ, ಒಬ್ಬ ಸಹಪಾಠಿಯ ಶುಲ್ಕದ ಹಣ ಕಾಣೆಯಾಯಿತು. ಸಂಶಯವು ತರಗತಿಯಲ್ಲಿ ಎಲ್ಲರಿಗಿಂತ ಬಡವನಾದ ಹುಡುಗನ ಮೇಲೆ ಹೋಯಿತು. ತೆಗೆದವನು ಯಾರೆಂದು ನನಗೆ ಗೊತ್ತಿತ್ತು; ಅವನು ನನ್ನ ಗೆಳೆಯ. ಉಪಾಧ್ಯಾಯರು ಕೇಳಿದಾಗ “ನನಗೆ ತಿಳಿಯದು” ಎಂದೆ. ನಾನು ಕದಿಯಲಿಲ್ಲ, ಯಾರ ಮೇಲೂ ದೂರು ಹೊರಿಸಲಿಲ್ಲ, ಗೆಳೆತನವನ್ನು ಉಳಿಸಿಕೊಂಡೆ ಎಂದು ಸಮಾಧಾನಪಟ್ಟುಕೊಂಡೆ. ಆ ಹುಡುಗ ವಾರದೊಳಗೆ ಶಾಲೆ ಬಿಟ್ಟನು. ಅನಂತರ ನಾನು ಅವನನ್ನು ಕಾಣಲಿಲ್ಲ. ಎಷ್ಟೋ ವರ್ಷಗಳ ಮೇಲೆ ಕಾಲೇಜಿನಲ್ಲಿ ಜನ್ನನನ್ನು ಓದುತ್ತಿದ್ದಾಗ, ಹಿಟ್ಟಿನ ಕೋಳಿ ಕೂಗಿದ ಕಡೆಗೆ ಬಂದೊಡನೆ ಪುಸ್ತಕವನ್ನು ಮುಚ್ಚಿಬಿಟ್ಟೆ. ಆ ಕೂಗನ್ನು ನಾನು ಮೊದಲೇ ಕೇಳಿದ್ದೆ. ಅದು ಏನೆಂದು ಹೇಳುವವರು ಅದುವರೆಗೆ ಸಿಕ್ಕಿರಲಿಲ್ಲ.

ಇಂತಹ ಪುಸ್ತಕಗಳಿಂದ ಎಳೆಯ ಮನಸ್ಸು ಕೆಡುವುದಿಲ್ಲವೇ ಎಂದು ಹಿರಿಯರು ಕೇಳುವುದುಂಟು. ಅವರ ಶಂಕೆ ನಿರಾಧಾರವಲ್ಲ. ಕೇಡನ್ನು ಮೆರೆಸುವ ಪುಸ್ತಕಗಳೂ ಇವೆ, ಕೇಡನ್ನು ಶೋಧಿಸುವ ಪುಸ್ತಕಗಳೂ ಇವೆ. ಇವೆರಡನ್ನೂ ಒಂದೇ ಕಪಾಟಿನಲ್ಲಿ ಇಡಲಾಗದು. ಗುರುತಿಸುವುದು ಹೇಗೆ? ನೊಂದವರ ನೋವನ್ನು ಪುಸ್ತಕವು ತೋರಿಸುತ್ತದೆಯೇ, ಅಥವಾ ನೋಯಿಸುವವನ ಶೌರ್ಯವನ್ನು ಮಾತ್ರವೇ ಎಂದು ಮೊದಲು ನೋಡಿರಿ. ಮಾಡಿದ ಕೆಲಸಕ್ಕೆ ಫಲವಿದೆಯೆಂದು ಅದು ಒಪ್ಪುತ್ತದೆಯೇ ಎಂಬುದನ್ನು ಅನಂತರ ನೋಡಿರಿ. ಕಡೆಯದಾಗಿ, ಓದಿ ಮುಗಿಸಿದಾಗ ನಿಮ್ಮ ಬೆರಳು ಯಾರ ಕಡೆಗೆ ತಿರುಗುತ್ತದೆಂಬುದನ್ನು ಗಮನಿಸಿರಿ. ನೆರೆಯವನ ಕಡೆಗೆ ತಿರುಗಿದರೆ ಪುಸ್ತಕವೋ ಓದುವಿಕೆಯೋ ದಾರಿ ತಪ್ಪಿದೆ. ನಿಮ್ಮ ಕಡೆಗೇ ತಿರುಗಿದರೆ ಅದು ಒಳ್ಳೆಯ ಪುಸ್ತಕ. ವಯಸ್ಸಿಗೆ ತಕ್ಕ ವಿವೇಚನೆಯೂ ಬೇಕು. ಹತ್ತು ವರ್ಷದವರಿಗೆ ಕಥೆಯ ಸಾರಾಂಶ ಸಾಕು, ಹದಿನೈದು ವರ್ಷದವರು ಹಿರಿಯರೊಡನೆ ಚರ್ಚಿಸುತ್ತ ಮೂಲವನ್ನೇ ಓದಬಹುದು.

ವೈದ್ಯನು ರೋಗದ ಲಕ್ಷಣಗಳನ್ನು ಅಧ್ಯಯನ ಮಾಡುವುದು ರೋಗದ ಮೇಲಿನ ಪ್ರೀತಿಯಿಂದಲ್ಲ. ಹಾವಿನ ಗುರುತು ಬಲ್ಲ ರೈತನು ಹುಲ್ಲಿನಲ್ಲಿ ಕೈಯಿಡುವ ಮೊದಲು ನೋಡುತ್ತಾನೆ. ಅಂತೆಯೇ ಕೇಡು ಎಷ್ಟು ಚಿಕ್ಕದಾಗಿ, ಎಷ್ಟು ಸಭ್ಯವಾಗಿ, ಎಷ್ಟು ಕಾರಣಗಳೊಡನೆ ಬರುತ್ತದೆಂದು ಪುಸ್ತಕದಲ್ಲಿ ಒಮ್ಮೆ ಕಂಡವನು, ಅದು ತನ್ನ ಬೆಂಚಿನ ಪಕ್ಕಕ್ಕೆ ಬಂದು ಕುಳಿತಾಗ ಗುರುತಿಸಬಲ್ಲನು. ಹೊಸದಾಗಿ ಬಂದ ಹುಡುಗನ ಉಚ್ಚಾರಣೆಗೆ ಎಲ್ಲರೂ ನಗುತ್ತಿರುವಾಗ ತಾನೂ ನಗುವ ಮೊದಲು ಒಂದು ಕ್ಷಣ ತಡೆಯಬಲ್ಲನು. ಆ ಒಂದು ಕ್ಷಣದ ತಡೆಯೇ ಈ ಎಲ್ಲ ಗ್ರಂಥಗಳ ಫಲ.

ಆ ವಿದ್ಯಾರ್ಥಿನಿಗೆ ನಾನು ಕೊಡುವ ಉತ್ತರ ಇಷ್ಟೇ: ತಂಗೀ, ಕೆಟ್ಟವರ ಕಥೆಯೆಂದು ನೀನು ಹಿಂದಿರುಗಿಸಿದ ಪುಸ್ತಕವು ನಿಜವಾಗಿ ಒಬ್ಬ ಒಳ್ಳೆಯವನ ಕಥೆ. ಅವನು ಎಲ್ಲಿ ಜಾರಿದನೆಂಬುದನ್ನು ತೋರಿಸುವುದಕ್ಕಾಗಿಯೇ ಅದನ್ನು ನಿನ್ನ ಕೈಗೆ ಕೊಟ್ಟೆವು. ಪುಸ್ತಕವು ಕಪಾಟಿನ ಎರಡನೆಯ ಸಾಲಿನಲ್ಲಿದೆ. ಇನ್ನೊಮ್ಮೆ ತೆಗೆದುಕೊಂಡು ಹೋಗಿ ಓದು.